ಪ್ರಸಾದಕ್ಕೆ ಒಡ್ಡಿದ ಕೈ

ಹೆಮ್ಮಾಡಿ
೧೭ ಮಾರ್ಚ್ ೨೦೨೫, ಸೋಮವಾರ

ಚಿರಂಜೀವಿ ಉಲ್ಲಾಸನಿಗೆ,

ದೊಡ್ಡಮ್ಮನ ಆಶೀರ್ವಾದ. ಆಶೀರ್ವಾದವನ್ನು ಮೊದಲೇ ಬರೆದು ಮುಗಿಸಿದ್ದೇನೆ. ಬರೆಯುತ್ತ ಹೋದ ಹಾಗೆ ನನಗೆ ಸಿಟ್ಟು ಏರುವುದು ನಿನಗೆ ಗೊತ್ತೇ ಉಂಟು, ಕೊನೆಯಲ್ಲಿ ಆಶೀರ್ವಾದ ಕೊಡುವ ಮನಸ್ಸು ಉಳಿಯುತ್ತದೋ ಇಲ್ಲವೋ.

ದೊಡ್ಡಮ್ಮ ಫೋನು ಮಾಡಲಿಲ್ಲ ಅನ್ನಬೇಡ. ಮಾಡಿ ಮಾಡಿ ಸಾಕಾಯ್ತು. ಪ್ರತಿ ಸಲ ಎತ್ತುವುದು ಆ ದಿವ್ಯಾ, ಕಿವಿಗೆ ವಯರು ಸಿಕ್ಕಿಸಿಕೊಂಡು ನಮ್ಮ ಗದ್ದೆಯಲ್ಲಿ ಎಲ್ಲರನ್ನೂ ಅತ್ತ ಇತ್ತ ಸರಿಸುತ್ತಿದ್ದ ನಿನ್ನ ಅಸಿಸ್ಟೆಂಟು ಹುಡುಗಿ. "ಸರ್ ಎಡಿಟಿಂಗಲ್ಲಿದ್ದಾರೆ ಅಜ್ಜಿ, ಏನಾದ್ರೂ ಮೆಸೇಜ್ ಇದೆಯಾ?" ಅನ್ನುತ್ತಾಳೆ. ನಿನ್ನಮ್ಮ ಮಾತು ಬಿಟ್ಟಿದ್ದಾಳೆ ಅನ್ನುವುದನ್ನು ಕಂಡವರ ಮಗಳ ಹತ್ತಿರ ಮೆಸೇಜು ಅಂತ ಹೇಳಲೇನೋ? ಅದಕ್ಕೇ ಈ ಕಾಗದ. ಐದನೇ ಕ್ಲಾಸಿಗೆ ಸ್ಲೇಟು ಬಿಸಾಡಿದವಳು ನಾನು. ಅಕ್ಷರ ಸೊಟ್ಟಗಿದ್ದರೆ ನಗಾಡಬೇಡ, ವಿಷಯ ನೆಟ್ಟಗಿದೆ.

ಹೌದು, ಸರಿಯಾಗೇ ಓದಿದೆ. ನಮ್ಮ ಹರಕೆಯ ಯಕ್ಷಗಾನ ಆಟದ ಸಾಯಂಕಾಲದಿಂದ ಗುಲಾಬಿ ಮಾತಾಡಿಲ್ಲ. ಗಂಜಿ ಇಟ್ಟರೆ ಎರಡು ತುತ್ತು ಉಣ್ಣುತ್ತಾಳೆ. ಸೀರೆ ಕೊಟ್ಟರೆ ಉಡುತ್ತಾಳೆ. ಕರೆದರೆ ತಿರುಗಿ ಕಾಣುತ್ತಾಳೆ, ಬಾಯಿ ಬಿಡುವುದಿಲ್ಲ. ನಿನ್ನ ಮಾವ ರತ್ನಾಕರ ದಿನಾ ಬೆಳಿಗ್ಗೆ ಅವಳ ಹತ್ತಿರ ಕೂತು ಪೇಪರು ಓದಿ ಹೇಳುತ್ತಾನೆ. ಅವನು ಓದುವುದು, ಇವಳು ಗೋಡೆ ನೋಡುವುದು. ಮೊನ್ನೆ ಅವನೂ ಪೇಪರು ಮಡಿಚಿಟ್ಟು ತೋಟಕ್ಕೆ ಹೋದ.

ಇನ್ನು ನಾನು ಹೇಳುವುದನ್ನು ನಿಂತು ಓದಬೇಡ, ಕೂತು ಓದು.

ನೀನು ಎಷ್ಟು ಪಿಚ್ಚರ್ ಮಾಡಿದೆ? ಮೂರು ಆಯ್ತು, ಇದು ನಾಲ್ಕನೇದು. ಮೊದಲಿನದರಲ್ಲಿ ಒಬ್ಬ ಹೆಂಗಸು ಬಾರ್ಕೂರಿನ ಹಾಳು ಗುಡಿಯಲ್ಲಿ ದಿನಾ ದೀಪ ಹಚ್ಚುತ್ತಾಳೆ, ಒಂದು ಮಾತಿಲ್ಲ. ಎರಡನೇದರಲ್ಲಿ ಒಬ್ಬಳು ಸಮುದ್ರಕ್ಕೆ ಮುಖ ಮಾಡಿ ಕೂತಿರುತ್ತಾಳೆ, ಅವಳಿಗೂ ಮಾತಿಲ್ಲ. ಮೂರನೇದರಲ್ಲಿ ನಾಗಬನದ ಹತ್ತಿರ ಒಬ್ಬಳು, ಅವಳೂ ಮೂಕಿ. ಕುಂದಾಪುರದ ಟಾಕೀಸಿನಲ್ಲಿ ನನ್ನ ಪಕ್ಕ ಕೂತವನು "ಈ ಡೈರೆಕ್ಟರ್ ಮನ್ಯಗೆ ಹೆಂಗ್ಸ್ರ್ ಯಾರೂ ಮಾತಾಡುದಿಲ್ಯಾ ಮಾರ್ರೆ?" ಅಂದ. "ಮನ್ಯಗೆ ನಾನಿದ್ದೆ, ಮಾತ್ ಕೇಣ್ಕಾ?" ಅಂತ ಕೇಳಿದೆ. ಆಮೇಲೆ ಅವನು ಪಿಚ್ಚರ್ ಮುಗಿವವರೆಗೂ ಪಾಪ್‌ಕಾರ್ನ್ ಕೂಡ ಅಗಿಯಲಿಲ್ಲ.

ಗೋವಾದಲ್ಲಿ ಪ್ರಶಸ್ತಿ ಕೊಟ್ಟರು, ಪರದೇಶದಲ್ಲಿ ಎದ್ದು ನಿಂತು ಚಪ್ಪಾಳೆ ಹೊಡೆದರು. ಟಿವಿಯವರು ನಿನ್ನ ಹತ್ತಿರ ಕೇಳುವುದು, ಈ ಅಧ್ಯಾತ್ಮ, ಈ ನಮ್ಮತನ, ಈ ಮಣ್ಣಿನ ವಾಸನೆ ನಿಮಗೆ ಎಲ್ಲಿಂದ ಬಂತು ಅಂತ. ನೀನು ಗಡ್ಡ ನೀವಿಕೊಂಡು ಹೇಳುವುದು: "ನನ್ನ ತಾಯಿಯ ಮೌನದಿಂದ. ನಾನು ಐದು ವರ್ಷದ ಹುಡುಗನಾಗಿದ್ದಾಗ ಅವಳು ಮೌನವ್ರತ ಹಿಡಿದಿದ್ದಳು. ಸಂಜೆ ಸಮುದ್ರ ನೋಡುತ್ತ ಧ್ಯಾನಕ್ಕೆ ಕೂರುತ್ತಿದ್ದಳು. ನನ್ನ ಎಲ್ಲ ಸಿನಿಮಾವೂ ಆ ಮೌನದ ಅನುವಾದ."

ವ್ರತವಂತೆ. ಧ್ಯಾನವಂತೆ.

ನಿನ್ನಮ್ಮ ಯಾವ ವ್ರತವನ್ನೂ ಹಿಡಿದಿರಲಿಲ್ಲ ಮಗಾ. ನಿನ್ನ ಬೆನ್ನಿಗೆ ಒಂದು ಹೆಣ್ಣು ಮಗು ಹುಟ್ಟಿತ್ತು. ಹುಟ್ಟಿದ್ದು ಅಳಲಿಲ್ಲ. ಅವಳಿಗೆ ಹೊಟ್ಟೆ ಆಪರೇಶನ್ ಅಂತ ನಿನ್ನ ಹತ್ತಿರ ಹೇಳಿ, ಬ್ರಹ್ಮಾವರದಲ್ಲಿ ನಿನ್ನ ಅಪ್ಪನ ಅಕ್ಕನ ಮನೆಯಲ್ಲಿ ನಿನ್ನನ್ನು ಬಿಟ್ಟಿದ್ದೆವು. ನೀನು ತಿರುಗಿ ಬರುವ ಹೊತ್ತಿಗೆ ಇಲ್ಲಿ ತೊಟ್ಟಿಲೂ ಇರಲಿಲ್ಲ, ಮಾತೂ ಇರಲಿಲ್ಲ. ಅವಳ ತಲೆ ಕೆಟ್ಟಿತ್ತು, ಬೇರೆ ಚಂದದ ಶಬ್ದ ನನಗೆ ಬರುವುದಿಲ್ಲ. ಒಂದು ಮಳೆಗಾಲ ಕಳೆದು ಇನ್ನೊಂದು ಬಂದರೂ ಒಂದು ಮಾತಿಲ್ಲ. ಹಾಲು ಬತ್ತುವವರೆಗೂ ಎದೆಗೆ ಬಟ್ಟೆ ಬಿಗಿದು ಕಟ್ಟುತ್ತಿದ್ದವಳು ನಾನು. ನಿನ್ನಪ್ಪ ಬೊಂಬಾಯಿಯ ಹೋಟೆಲಿನಿಂದ ಒಂದು ಸಲ ಬಂದ, ಅವಳ ಎದುರು ಕೂತ, ಎದ್ದು ಹೋದ. ಅವನ ವಿಷಯ ಬೇಡ, ಸತ್ತವರನ್ನು ಬೈದು ಏನು ಬಂತು.

ನೀನು ಧ್ಯಾನ ಅನ್ನುತ್ತೀಯಲ್ಲ, ಅದು ಏನೆಂದೂ ಕೇಳು. ಅವಳು ಮನೆ ಬಿಟ್ಟು ನಡೆದುಕೊಂಡು ತ್ರಾಸಿ ಕಡಲಿಗೆ ಹೋಗುತ್ತಿದ್ದಳು. ಮೊದಲ ಸಲ ನೀರು ಮೊಣಕಾಲಿಗೆ ಬಂದಾಗ ಬಲೆಯವರು ಕಂಡು ಎಳೆದು ತಂದರು. ಆಮೇಲೆ ನಾನು ಜೊತೆಗೇ ಹೋಗಲು ಶುರು ಮಾಡಿದೆ. ತಡೆದರೆ ಕೂಗುತ್ತಿದ್ದಳು, ಕರೆದುಕೊಂಡು ಹೋಗಿ ಕೂರಿಸಿದರೆ ಸುಮ್ಮನಿರುತ್ತಿದ್ದಳು. ನಿನ್ನನ್ನು ಮನೆಯಲ್ಲಿ ಬಿಡಲು ಯಾರೂ ಇಲ್ಲದ ದಿನ ನಿನ್ನನ್ನೂ ಎಳೆದುಕೊಂಡು ಹೋಗುತ್ತಿದ್ದೆ. ನೀನು ಮರಳಲ್ಲಿ ಏಡಿ ಹಿಡಿಯುತ್ತ ಅವಳನ್ನು ನೋಡಿದ್ದು ಅದೇ. ಅವಳ ಸೆರಗು ನನ್ನ ಮುಷ್ಟಿಯಲ್ಲಿ ಇದ್ದದ್ದು ನಿನಗೆ ನೆನಪಿಲ್ಲ. ನಿನ್ನ ಪಿಚ್ಚರಿನಲ್ಲೂ ಸೆರಗು ಹಿಡಿದುಕೊಂಡ ಹೆಂಗಸು ಯಾರೂ ಇಲ್ಲ.

ಉಡುಪಿಯ ಡಾಕ್ಟರು ಮಾತ್ರೆ ಕೊಟ್ಟರು, ಹಾಕಿಸಿದೆ. ಒಂದು ದಿನ ದೇವಸ್ಥಾನಕ್ಕೂ ಹೋಗಿ ದೇವಿಯಮ್ಮನ ಎದುರು ನಿಂತು, ನನ್ನ ತಂಗಿಗೆ ಬುದ್ಧಿಯನ್ನೂ ಮಾತನ್ನೂ ತಿರುಗಿ ಕೊಡು, ನಮ್ಮ ಗದ್ದೆಯಲ್ಲಿ ನಿನ್ನ ಮೇಳದ ಒಂದು ಆಟ ಆಡಿಸುತ್ತೇನೆ, ವೇಷ ಕಟ್ಟುವ ಚೌಕಿಯಲ್ಲಿ ಅವಳೇ ಕೈ ಒಡ್ಡಿ ಪ್ರಸಾದ ತೆಗೆದುಕೊಳ್ಳುತ್ತಾಳೆ ಅಂತ ಹರಕೆ ಹೊತ್ತೆ. ಗುಣವಾದದ್ದು ಮಾತ್ರೆಯಿಂದಲೋ ಅಮ್ಮನಿಂದಲೋ ನನಗೆ ಗೊತ್ತಿಲ್ಲ, ನಾನು ಎರಡನ್ನೂ ಬಿಡಲಿಲ್ಲ. ಮಳೆ ಇಳಿಯುವ ಸೋಣೆ ತಿಂಗಳಲ್ಲಿ ಒಂದು ಬೆಳಿಗ್ಗೆ ನಾನು ಹೊಸಿಲು ತೊಳೆಯುತ್ತಿದ್ದಾಗ ಹಿಂದಿನಿಂದ "ಅಕ್ಕ, ನೀರ್ ಚೆಲ್ತಾ ಇತ್ತ್ ಕಾಣ್" ಅಂದಳು. ಚೊಂಬು ಕೈಯಿಂದ ಬಿತ್ತು ನನಗೆ.

ಆಟಕ್ಕೆ ಹೆಸರು ಬರೆಸಿದೆ. ಹರಕೆಯವರ ಸಾಲು ಎಷ್ಟು ಉದ್ದ ಅಂತ ಈ ಊರಲ್ಲಿ ಯಾರಿಗೆ ಗೊತ್ತಿಲ್ಲ? ಆಗ ನೀನು ಚಡ್ಡಿ ಹಾಕುತ್ತಿದ್ದೆ, ಸರದಿ ಬಂದದ್ದು ಈ ವರ್ಷ, ನಿನ್ನ ಗಡ್ಡ ನರೆಯುವಾಗ.

ಇದೆಲ್ಲ ನಿನಗೆ ಹೇಳಿರಲಿಲ್ಲ ಯಾಕೆ ಅಂತ ಕೇಳುತ್ತೀ. ನಾನು ಹೇಳಲು ಹೊರಟಿದ್ದೆ. ನೀನು ಮೊದಲನೇ ಸಲ ಟಿವಿಯಲ್ಲಿ ಮೌನವ್ರತ ಅಂದ ದಿನವೇ ಫೋನು ಕೈಗೆ ತೆಗೆದುಕೊಂಡಿದ್ದೆ. ಗುಲಾಬಿ ಕೈ ಹಿಡಿದಳು. "ಬ್ಯಾಡ ಅಕ್ಕ, ಅವ ಅದನ್ನ ಚಂದ ಮಾಡಿ ನೆನಪಿಟ್ಕಂಡಿದ್ದ, ಹಾಂಗೇ ಇರ್ಲಿ" ಅಂದಳು. ನನ್ನ ಬಾಯಿಗೆ ಬೀಗ ಹಾಕುವ ತಾಕತ್ತು ಈ ಊರಲ್ಲಿ ಅವಳೊಬ್ಬಳಿಗೇ ಇರುವುದು. ಇವತ್ತು ಆ ಮಾತು ಮುರಿಯುತ್ತಿದ್ದೇನೆ. ಅವಳು ಬೈದರೆ ಬೈಯಲಿ. ಬೈಯಲಿಕ್ಕಾದರೂ ಬಾಯಿ ಬಿಡಲಿ.

ಈಗ ಆಟದ ದಿನಕ್ಕೆ ಬರುತ್ತೇನೆ. ನೀನು ಫೋನಿನಲ್ಲಿ ಏನು ಹೇಳಿದ್ದೆ? "ಒಂದು ಸಣ್ಣ ಕ್ಯಾಮೆರಾ ದೊಡ್ಡಮ್ಮ, ಮೂಲೆಯಲ್ಲಿ ನಿಂತಿರ್ತೇವೆ, ಗೊತ್ತೇ ಆಗುದಿಲ್ಲ." ನಾನು ಬೇಡ ಅಂದೆ. ರತ್ನಾಕರ "ನಮ್ ಹುಡ್ಗ ಅಲ್ದಾ" ಅಂದ. ನಮ್ಮ ಹುಡುಗ ಎರಡು ವ್ಯಾನು, ಒಂದು ಜನರೇಟರು, ಒಂದು ಕ್ರೇನು ತಂದು ಉದ್ದು ಬಿತ್ತಿದ ಗದ್ದೆಯ ಮೇಲೆ ಇಳಿಸಿದ. ಮೇಳದ ಲಾರಿ ಬಂದಾಗ ದೇವರ ಪೆಟ್ಟಿಗೆ ಇಳಿಸಲು ದಾರಿಯೇ ಇಲ್ಲ. ಅಡುಗೆಯ ಕಿಟ್ಟ ಬಂದು "ಪ್ರಭಕ್ಕ, ಊಟ ಮೇಳದವರಿಗೆ ಮಾತ್ರವಾ, ಈ ಪಟಾಲಮ್ಮಿಗೂ ಉಂಟಾ?" ಅಂತ ಕೇಳಿದ. ಹಸಿದವರಿಗೆ ಇಲ್ಲ ಅಂದ ಮನೆಯಲ್ಲ ಇದು, ಬಡಿಸು ಅಂದೆ. ಉಂಡರು. ಉಂಡ ಎಲೆ ಎತ್ತಿದ ಮೇಲೆ ಆ ದಿವ್ಯಾ ನನ್ನ ಹತ್ತಿರ ಬಂದು "ಅಜ್ಜಿ, ಫ್ರೇಮಲ್ಲಿ ಬರ್ತಾ ಇದ್ದೀರ, ಸ್ವಲ್ಪ ಆಚೆ ಹೋಗ್ತೀರಾ?" ಅಂದಳು. "ಹೆಣೆ, ನಾ ಹುಟ್ಟಿದ್ದೇ ಈ ಅಂಗಳದಗೆ, ಇನ್ನ್ ಎಷ್ಟ್ ಆಚೆ ಹೋಯ್ಕ್?" ಅಂತ ಕೇಳಿದೆ. ಪಾಪ, ಹೆದರಿ ಹೋದಳು. ಅವಳ ಮೇಲೆ ನನಗೆ ಸಿಟ್ಟಿಲ್ಲ. ಹೇಳಿಕೊಟ್ಟವನ ಮೇಲೆ.

ದೀಪ ಹಚ್ಚುವ ಹೊತ್ತು ಚೌಕಿ ಪೂಜೆ. ವೇಷ ಕಟ್ಟುವ ಆ ತಟ್ಟಿ ಚಪ್ಪರ, ನಡುವೆ ದೇವರ ಕಿರೀಟ. ಗುಲಾಬಿ ಬೆಳಿಗ್ಗೆಯಿಂದ ನೀರು ಬಿಟ್ಟರೆ ಬೇರೇನೂ ಮುಟ್ಟಿರಲಿಲ್ಲ. ಹಸಿರು ಸೀರೆ, ತಲೆಗೆ ನಮ್ಮೂರ ಸೇವಂತಿಗೆ. ಮಂಗಳಾರತಿ ಆಯ್ತು. ಅರ್ಚಕರು ಕಿರೀಟದ ಮೇಲಿನ ಹೂ ತೆಗೆದು "ಯಾರ ಹೆಸರಿನ ಹರಕೆಯೋ ಅವರು ಬನ್ನಿ" ಅಂದರು. ನಾನು ಹಿಂದಿನಿಂದ ಅವಳನ್ನು ದೂಡಿದೆ. ಅವಳು ಎರಡೂ ಕೈ ಜೋಡಿಸಿ ಒಡ್ಡಿದಳು. ಈ ಒಂದು ಗಳಿಗೆಗಾಗಿ ಎಷ್ಟು ವರ್ಷ ಕಾದದ್ದು ನಾನು!

ಆಗ ನೀನು "ಕಟ್" ಅಂದೆ.

ಯಾರದೋ ನೆರಳು ಬಿತ್ತಂತೆ. ಅರ್ಚಕರು ಹೂ ಹಿಡಿದ ಕೈ ಅಲ್ಲೇ ನಿಲ್ಲಿಸಿದರು. ನೀನು ಬಂದು ಅವಳ ಎರಡೂ ಮಣಿಕಟ್ಟು ಹಿಡಿದು, ಒಡ್ಡಿದ ಕೈಯನ್ನು ಮೆಲ್ಲ ಕೆಳಗೆ ಇಳಿಸಿ, "ಅಮ್ಮ, ಇನ್ನೊಂದ್ಸಲ, ಸ್ವಲ್ಪ ನಿಧಾನ" ಅಂದೆ. ಪ್ರೀತಿಯಿಂದಲೇ ಅಂದೆ, ಅದನ್ನೂ ಬರೆಯುತ್ತೇನೆ, ನಾನು ಸುಳ್ಳು ಹೇಳುವವಳಲ್ಲ. ಅರ್ಚಕರ ಹತ್ತಿರ ಆರತಿಯನ್ನೂ ಇನ್ನೊಮ್ಮೆ ಎತ್ತಿ ಅಂದೆ. ಇಷ್ಟು ಜನ, ಇಷ್ಟು ದೀಪ, ನೀನು ದೊಡ್ಡ ಮನುಷ್ಯ. ಅವರೂ ತಬ್ಬಿಬ್ಬಾಗಿ ಎತ್ತಿಬಿಟ್ಟರು.

ಎರಡನೇ ಸಲ ಅವಳು ಕೈ ಒಡ್ಡಲಿಲ್ಲ. ತನ್ನ ಅಂಗೈ ನೋಡಿಕೊಂಡಳು. ನಿನ್ನ ಮುಖ ನೋಡಿದಳು. ಮತ್ತೆ ಅಂಗೈ. ಅವಳ ಬಾಯಿ ಇಷ್ಟೇ ಇಷ್ಟು ತೆರೆದಿತ್ತು. ಆ ಮುಖ ನನಗೆ ಗೊತ್ತುಂಟು ಉಲ್ಲಾಸ, ತ್ರಾಸಿಯ ಮರಳಲ್ಲಿ ದಿನಾ ಕಂಡ ಮುಖ ಅದು. ನೀನು ಹಿಂದಿನಿಂದ "ಸೂಪರ್" ಅಂದೆ. ಅರ್ಚಕರು ಹೂವನ್ನು ಹರಿವಾಣದಲ್ಲಿ ಇಟ್ಟುಬಿಟ್ಟರು. ಅಷ್ಟರಲ್ಲಿ ಚಂಡೆಗೆ ಪೆಟ್ಟು ಬಿತ್ತು, ನೀನು ಕ್ರೇನಿನ ಹತ್ತಿರ ಓಡಿದೆ. ಅವಳು ಒಳಗೆ ಹೋಗಿ ಗೋಡೆ ಕಡೆ ತಿರುಗಿ ಮಲಗಿದಳು. ಬೆಳಿಗ್ಗೆ ನೀನು ಹೊರಡುವಾಗ "ಅಮ್ಮ ಸುಸ್ತಾಗಿ ಮಲಗಿದ್ದಾರೆ, ಎಬ್ಬಿಸಬೇಡಿ" ಅಂತ ನೀನೇ ಹೇಳಿ ಕಾರು ಹತ್ತಿದೆ. ನಿನ್ನನ್ನು ಆಗಲೇ ಕಾಲರು ಹಿಡಿದು ಇಳಿಸಬೇಕಿತ್ತು. ನನಗೂ ಆಗ ಬರೀ ಸುಸ್ತೇ ಅನ್ನಿಸಿತ್ತು.

ಇಷ್ಟಾದರೂ ನಾನು ಕಾಗದ ಬರೆಯುತ್ತಿರಲಿಲ್ಲವೋ ಏನೋ. ಮೊನ್ನೆ ಶುಕ್ರವಾರ ಮೀನಿಗೆ ಹೋಗಿದ್ದೆ. ಅಲ್ಲಿ ಒಬ್ಬಳು ನನ್ನ ತೋಳು ಹಿಡಿದು "ಪ್ರಭಾವತಿಯಮ್ಮ, ನಿಮ್ ತಂಗಿ ಮುಖದಗೆ ಎಂಥಾ ಭಕ್ತಿ ಮಾರ್ರೆ, ನಂಗೆ ಕಣ್ಣಗೆ ನೀರ್ ಬಂತ್" ಅಂದಳು. ಎಲ್ಲಿ ಕಂಡದ್ದು ಅಂದೆ. ಮೊಬೈಲ್ ತೆಗೆದು ತೋರಿಸಿದಳು. ಬಂಗುಡೆಯನ್ನು ಅಲ್ಲೇ ಬಿಟ್ಟು ಮನೆಗೆ ಬಂದು, ರತ್ನಾಕರನ ಮಗಳು ಸೌಮ್ಯಶ್ರೀ ಹತ್ತಿರ ಮತ್ತೆ ಹಾಕಿಸಿ ನೋಡಿದೆ. ನಿನ್ನ ಹೊಸ ಪಿಚ್ಚರಿನ ಟೀಸರಂತೆ. ಗುಲಾಬಿಯ ಮುಖ, ನಿಧಾನಕ್ಕೆ, ನಿಧಾನಕ್ಕೆ. ಆ ತೆರೆದ ಬಾಯಿ, ಆ ಅಂಗೈ. ಹಿಂದೆ ಶಂಖ, ಯಾರೋ ರಾಗ ಎಳೆಯುವುದು. ಕೆಳಗೆ ಲಕ್ಷ ಜನ ಕೈ ಮುಗಿದಿದ್ದಾರೆ. ರೋಮಾಂಚನವಂತೆ. ತಾಯಿಯಲ್ಲಿ ದೇವಿಯನ್ನು ಕಂಡೆ ಅಂತ ಒಬ್ಬ. ಇದೇ ನಮ್ಮ ಸಂಸ್ಕೃತಿ ಅಂತ ಇನ್ನೊಬ್ಬ. ಸೌಮ್ಯಶ್ರೀ "ಅತ್ತೆ, ನೀವ್ ಕಣ್ಣೀರ್ ಹಾಕಿ ಕೂಗ್ತಾ ಇದ್ರ್ಯಾ?" ಅಂದಳು. ಇಲ್ಲ, ಹಲ್ಲು ಕಚ್ಚುತ್ತಾ ಇದ್ದೇನೆ ಅಂದೆ.

ಅದು ಭಕ್ತಿ ಅಲ್ಲ ಕಣೋ. ಕೊಡಲು ಬಂದದ್ದನ್ನು ಎದುರಿನಿಂದ ತೆಗೆದುಬಿಟ್ಟರೆ ಮನುಷ್ಯರ ಮುಖ ಹೀಗಾಗುತ್ತದೆ. ಒಮ್ಮೆ ಅವಳ ಮಡಿಲಿನಿಂದ ತೆಗೆದರು, ಆಗ ಯಾರನ್ನೂ ಬೈಯುವ ಹಾಗಿರಲಿಲ್ಲ. ಈ ಸಲ ತೆಗೆದವನು ನೀನು. ತೆಗೆದು, ಸಂಗೀತ ಹಾಕಿ, ಊರಿಗೆಲ್ಲ ತೋರಿಸುತ್ತಿದ್ದೀ. ಮೂರು ಪಿಚ್ಚರಿನಲ್ಲಿ ಅವಳ ಸಂಕಟವನ್ನು ಬೇರೆಯವರ ಮುಖಕ್ಕೆ ಅಂಟಿಸಿದೆ, ಗೊತ್ತಿಲ್ಲದೆ ಮಾಡಿದೆ, ಹೋಗಲಿ. ನಾಲ್ಕನೇದಕ್ಕೆ ಅವಳನ್ನೇ ಹಿಡಿದು ತಂದೆ.

ಶನಿವಾರ ದೇವಸ್ಥಾನದ ಆಫೀಸಿಗೆ ಹೋದೆ. ಮೇಳದ ಸರದಿ ನೋಡಿಕೊಳ್ಳುವ ವಿಷ್ಣುಮೂರ್ತಿ ಐತಾಳರ ಹತ್ತಿರ ಎಲ್ಲ ಹೇಳಿದೆ. "ಆಟ ಬೆಳಗಿನವರೆಗೆ ಚಂದ ಆಯ್ತಲ್ಲ, ಹರಕೆ ಸಂದ ಹಾಗೇ ಪ್ರಭಾವತಿಯಮ್ಮ" ಅಂದರು. ನನಗೆ ಸಂದಿಲ್ಲ ಅಂದೆ. ಯಾರಿಗೋಸ್ಕರ ಹೊತ್ತೆನೋ ಅವಳ ಕೈಗೆ ಬೀಳಲಿಲ್ಲ, ಇನ್ನೊಂದು ಆಟ ಬರೆದುಕೊಳ್ಳಿ ಅಂದೆ. ಅವರು ಕನ್ನಡಕ ತೆಗೆದು ಒರೆಸಿಕೊಂಡು "ಈಗ ಬರೆದ್ರೆ ನಾನೂ ಇಪ್ಪುದಿಲ್ಲ, ನೀವೂ ಇಪ್ಪುದಿಲ್ಲ" ಅಂದರು. ಹಾಗಾದರೆ ನಾನು ಇಲ್ಲೇ ಕೂತಿರುತ್ತೇನೆ, ಊಟದ ಹೊತ್ತಾದರೆ ನಿಮ್ಮ ಎಲೆಯ ಪಕ್ಕ ನನಗೂ ಒಂದು ಹಾಕಿಸಿ ಅಂದೆ. ಅವರಿಗೆ ನಗು ಬಂತು. ಆಮೇಲೆ ಯೋಚನೆ ಮಾಡಿ ಹೇಳಿದರು: ಮೇಳ ಹೋದಲ್ಲೆಲ್ಲ ಸಂಜೆ ಚೌಕಿ ಪೂಜೆ ಆಗಿಯೇ ಆಗುತ್ತದೆ, ಕಿರೀಟ ಅದೇ, ಅಮ್ಮ ಅವಳೇ. ಬೇರೆಯವರ ಹರಕೆಯ ಚೌಕಿಯಾದರೂ, ಆ ಮನೆಯವರು ಒಪ್ಪಿದರೆ ಗುಲಾಬಿ ಹೋಗಿ ಕೈ ಒಡ್ಡಬಹುದು. ಇಪ್ಪತ್ತೊಂಬತ್ತನೇ ತಾರೀಕು ಶನಿವಾರ ಶಂಕರನಾರಾಯಣ ಊರಿನ ಹತ್ತಿರ ಒಂದು ಮನೆಯಲ್ಲಿ ಆಟ ಉಂಟು. ಆ ಮನೆಯವರಿಗೆ ಫೋನು ಮಾಡಿದೆ. ಯಜಮಾನ್ತಿ "ಬನ್ನಿ ಅಮ್ಮ, ಅದಕ್ಕೆಂತ ಕೇಂಬುದ್" ಅಂದಳು. ನಿನ್ನಷ್ಟು ಓದಿಲ್ಲದಿದ್ದರೂ ಅವಳಿಗೆ ಅರ್ಥವಾಯ್ತು.

ಕರೆದರೆ ಗುಲಾಬಿ ಬರುತ್ತಿಲ್ಲ, ಅದೇ ಈಗ ಕಷ್ಟ. ರತ್ನಾಕರ ಕೈ ಹಿಡಿದು ಎಬ್ಬಿಸಿದ, ಹೊಸಿಲಲ್ಲಿ ನಿಂತಳು, ಆಚೆ ಕಾಲಿಡಲಿಲ್ಲ. ನಾನು ಗದರಿಸಿದೆ, ಮುದ್ದು ಮಾಡಿದೆ. ಹೂಂ ಇಲ್ಲ ಊಹೂಂ ಇಲ್ಲ. ಅವಳ ಕೈ ಇಳಿಸಿದವನೇ ಬಂದು ಎತ್ತಬೇಕು ಅಂತ ನನಗೆ ಕಾಣುತ್ತದೆ.

ಹಾಗಾಗಿ ನಾನು ಹೇಳಿದ ಹಾಗೆ ಮಾಡು. ಆ ಟೀಸರನ್ನು ಈ ಕಾಗದ ಕೆಳಗೆ ಇಡುವ ಮೊದಲು ತೆಗೆಸು. ಪಿಚ್ಚರಿನಿಂದಲೂ ಆ ಮುಖವನ್ನು ಕತ್ತರಿಸು. ಪ್ರೊಡ್ಯೂಸರು ಒಪ್ಪುವುದಿಲ್ಲ, ಅದೇ ಪಿಚ್ಚರಿನ ಜೀವ ಅಂತೆಲ್ಲ ಹೇಳಬೇಡ. ಜೀವ ಇಲ್ಲಿ ಚಾವಡಿಯ ಒಳಕೋಣೆಯಲ್ಲಿ ಗೋಡೆ ಕಡೆ ತಿರುಗಿ ಕೂತಿದೆ. ನೀನು ತೆಗೆಯದಿದ್ದರೆ ನಿನ್ನ ಪಿಚ್ಚರ್ ಬಿಡುಗಡೆಯ ದಿನ ಕುಂದಾಪುರದ ಟಾಕೀಸಿನ ಬಾಗಿಲಲ್ಲಿ ಕುರ್ಚಿ ಹಾಕಿ ಕೂರುತ್ತೇನೆ. ಟಿಕೇಟು ತೆಗೆದುಕೊಂಡ ಒಬ್ಬೊಬ್ಬನನ್ನೂ ಕರೆದು, ನೀ ಕೈ ಮುಗಿಯಲು ಹೊರಟದ್ದು ಎಂತದ್ದಕ್ಕೆ ಅಂತ ಹೇಳುತ್ತೇನೆ. ನನ್ನ ಗಂಟಲು ನಿನಗೆ ಗೊತ್ತುಂಟು, ಮೈಕು ಬೇಡ.

ಇಪ್ಪತ್ತೆಂಟರ ಬಸ್ಸು ಹಿಡಿದು ಬಾ. ಕಾರು ಬೇಡ, ಕಾರಿನಲ್ಲಿ ಬಂದರೆ ನೀನು ಫೋನಿನಲ್ಲಿ ಮಾತಾಡುತ್ತಲೇ ಬರುತ್ತೀ. ಕ್ಯಾಮೆರಾ ಬೇಡ, ದಿವ್ಯಾ ಬೇಡ. ಬೇಕಾದರೆ ದಿವ್ಯಾ ಒಬ್ಬಳೇ ಊಟಕ್ಕೆ ಬರಲಿ, ಆ ದಿನ ಪಾಪ ಸರಿ ಉಣ್ಣಲಿಲ್ಲ. ಬಂದವನು ಅಮ್ಮನ ಎದುರು ಕೂತು ಅಧ್ಯಾತ್ಮ ಮಾತಾಡಬೇಡ. ಆ ಮಗುವಿನ ವಿಷಯ ಎತ್ತಬೇಕೋ ಬೇಡವೋ ಅದನ್ನು ಅವಳೇ ತೀರ್ಮಾನಿಸಲಿ. ಕೈ ಹಿಡಿದು ಹೊಸಿಲು ದಾಟಿಸು, ಅಷ್ಟು ಸಾಕು. ಚೌಕಿಯಲ್ಲಿ ಅವಳ ಹಿಂದೆ ನಿಲ್ಲು. ಯಾರ ನೆರಳು ಬಿದ್ದರೂ ಸುಮ್ಮನಿರು.

ಬರದೇ ಹೋದರೆ, ಟಿವಿಯಲ್ಲಿ ಇನ್ನು ಮೇಲೆ ನನ್ನ ತಂಗಿಯ ಹೆಸರು ಎತ್ತಬೇಡ.

ಇತಿ,
ನಿನ್ನನ್ನು ಎತ್ತಿ ಆಡಿಸಿದ ಕೈಯಲ್ಲೇ ಇದನ್ನು ಬರೆದ ದೊಡ್ಡಮ್ಮ,
ಪ್ರಭಾವತಿ ಶೆಡ್ತಿ

ಮ.ವಿ.: ಕವರಿಗೆ ಅಂಟು ಹಚ್ಚುತ್ತಿದ್ದೆ. ಗುಲಾಬಿ ಎದ್ದು ಬಂದು ಬಾಗಿಲಲ್ಲಿ ನಿಂತು, ಇಷ್ಟು ದಿನದ ಮೇಲೆ ಬಾಯಿ ಬಿಟ್ಟಳು. "ಯಾರಿಗೆ ಅಕ್ಕ?" ಅಂದಳು. ಉಲ್ಲಾಸನಿಗೆ ಅಂದೆ. ಕವರನ್ನು ಕೈಗೆ ತೆಗೆದು ನೋಡಿ, "ನಾ ಎರಡನೇ ಸಲ ಕೈ ಒಡ್ಡಲೇ ಇಲ್ಲೆ. ಅವನ ಪಿಚ್ಚರ್ ನನ್ನಿಂದ ಹಾಳಾಯ್ತಾ ಕೇಣ್" ಅಂದಳು. ಅಷ್ಟೇ ಹೇಳಿ ಒಳಗೆ ಹೋದಳು. ಇಷ್ಟು ದಿನ ಅವಳು ಗೋಡೆ ನೋಡುತ್ತ ಇದನ್ನೇ ಯೋಚಿಸುತ್ತಿದ್ದದ್ದು. ಹರಕೆ ಮುರಿಯಿತು ಅಂತ ಸಂಕಟಪಟ್ಟವಳು ನಾನೊಬ್ಬಳೇ. ಅವಳಿಗೆ ನಾನು ಉತ್ತರ ಹೇಳಲಿಲ್ಲ. ಅವಳು ಕೇಳಿದ್ದು ನಿನ್ನನ್ನು. ಬಂದು ಹೇಳು.